ನಮ್ಮ ಊರಿನ ದೃಶ್ಯ ಯಾರ ಕಪಾಟಿನಲ್ಲಿದೆ? ಆಳಂದ, ಅಫಜಲಪುರ, ಜೇವರ್ಗಿ ಮತ್ತು ಹಳೆಯ ಫುಟೇಜ್‌ನ ರಾಜಕೀಯ

ಸೆಪ್ಟೆಂಬರ್ 17 ಹತ್ತಿರ ಬಂತೆಂದರೆ ಸಾಕು, ಕಲ್ಯಾಣ ಕರ್ನಾಟಕದ ವಾಟ್ಸಾಪ್ ಗುಂಪುಗಳಲ್ಲಿ ಒಂದು ಕಪ್ಪುಬಿಳುಪು ಚಿತ್ರ ಓಡಾಡಲು ಶುರುವಾಗುತ್ತದೆ. ಏಳನೇ ನಿಜಾಮ ಮೀರ್ ಉಸ್ಮಾನ್ ಅಲಿ ಖಾನ್ ಕೈಮುಗಿದು ನಿಂತಿದ್ದಾರೆ, ಎದುರಿಗೆ ಸರ್ದಾರ್ ವಲ್ಲಭಭಾಯಿ ಪಟೇಲ್. ಕೆಳಗೆ ‘ನಿಜಾಮ ಶರಣಾದ ಕ್ಷಣ’ ಅಂತ ಬರಹ.

ಚಿತ್ರ ನಿಜ, ಬರಹ ಸುಳ್ಳು. ಅದು 1949ರ ಫೆಬ್ರವರಿಯಲ್ಲಿ ಪಟೇಲರು ಹೈದರಾಬಾದ್‌ಗೆ ಬಂದಾಗ ಬೇಗಂಪೇಟೆ ವಿಮಾನ ನಿಲ್ದಾಣದಲ್ಲಿ ತೆಗೆದದ್ದು. ಶರಣಾಗತಿ ಅದಕ್ಕೂ ಐದು ತಿಂಗಳ ಹಿಂದೆಯೇ ಮುಗಿದಿತ್ತು. 1948ರ ಸೆಪ್ಟೆಂಬರ್ 13ರಂದು ಸೇನೆ ಹೈದರಾಬಾದ್ ಸಂಸ್ಥಾನದೊಳಗೆ ನುಗ್ಗಿತು, 17ಕ್ಕೆ ನಿಜಾಮ ಕದನ ವಿರಾಮ ಘೋಷಿಸಿದರು, 18ರಂದು ಅವರ ಸೇನಾಪತಿ ಎಲ್ ಎದ್ರೂಸ್ ಮೇಜರ್ ಜನರಲ್ ಜೆ.ಎನ್. ಚೌಧುರಿಯವರಿಗೆ ಶರಣಾದರು. ಅಂದರೆ ಶರಣಾಗತಿಯ ದಿನ ಅಲ್ಲಿ ಪಟೇಲರೂ ಇರಲಿಲ್ಲ, ನಿಜಾಮನೂ ಇರಲಿಲ್ಲ.

ಐದು ತಿಂಗಳ ವ್ಯತ್ಯಾಸಕ್ಕೆ ಇಷ್ಟು ತಲೆಕೆಡಿಸಿಕೊಳ್ಳಬೇಕಾ ಅಂತ ಕೇಳಬಹುದು. ಬೇಕು. ಹಳೆಯ ದೃಶ್ಯವನ್ನು ನಾವು ನೋಡುವುದು ಸಾಕ್ಷಿ ಎಂದು. ಬರೆದದ್ದನ್ನು ಅನುಮಾನಿಸುವವರೂ ಕಪ್ಪುಬಿಳುಪಿನಲ್ಲಿ ಕಂಡದ್ದನ್ನು ಸುಲಭಕ್ಕೆ ಅನುಮಾನಿಸುವುದಿಲ್ಲ. ಹಾಗಾಗಿ ಯಾವ ದೃಶ್ಯ ಉಳಿದಿದೆ, ಯಾರ ಬಳಿ ಇದೆ, ಅದರ ಮೇಲೆ ಯಾರ ಮಾತು ಕೂರುತ್ತದೆ ಎಂಬುದು ಸಿನಿಮಾದವರ ತಾಂತ್ರಿಕ ಪ್ರಶ್ನೆಯಷ್ಟೇ ಆಗಿ ಉಳಿಯುವುದಿಲ್ಲ. ಒಂದು ಪ್ರದೇಶದ ಚರಿತ್ರೆಯನ್ನು ಯಾರು ಹೇಳುತ್ತಾರೆ ಎಂಬ ಪ್ರಶ್ನೆ ಅದು. ಆಳಂದ, ಅಫಜಲಪುರ, ಜೇವರ್ಗಿ ಈ ಮೂರು ತಾಲ್ಲೂಕುಗಳನ್ನೇ ಎದುರಿಗಿಟ್ಟುಕೊಂಡು ನೋಡೋಣ.

ಕ್ಯಾಮೆರಾ ಎಲ್ಲಿತ್ತು, ಎಲ್ಲಿ ಇರಲಿಲ್ಲ

1948ರಲ್ಲಿ ಈ ಮೂರೂ ತಾಲ್ಲೂಕುಗಳು ನಿಜಾಮ ಸಂಸ್ಥಾನದ ಗಡಿಯಂಚು. ಆಳಂದ, ಅಫಜಲಪುರದ ಆಚೆ ಸೊಲ್ಲಾಪುರ ಜಿಲ್ಲೆ, ಜೇವರ್ಗಿಯ ಆಚೆ ಬಿಜಾಪುರ ಜಿಲ್ಲೆ. ಆ ಎರಡೂ ಆಗ ಬಾಂಬೆ ಪ್ರಾಂತ್ಯಕ್ಕೆ ಸೇರಿದ್ದವು. ಸೇನೆಯ ಮುಖ್ಯ ದಂಡು ಹೊರಟಿದ್ದೇ ಸೊಲ್ಲಾಪುರದಿಂದ. ನಳದುರ್ಗ, ಹುಮನಾಬಾದ್, ಜಹೀರಾಬಾದ್ ದಾರಿಯಾಗಿ ಅದು ಹೈದರಾಬಾದ್ ಕಡೆ ಸಾಗಿತು.

ಕ್ಯಾಮೆರಾ ಹೋಗಿದ್ದೂ ಆ ಹೆದ್ದಾರಿಯ ಜೊತೆಗೇ. ಪೊಲೀಸ್ ಆಕ್ಷನ್ ಎಂದ ಕೂಡಲೇ ಟಿವಿಯಲ್ಲಿ ಮತ್ತೆ ಮತ್ತೆ ಬರುವ ದೃಶ್ಯಗಳು ಬೆರಳೆಣಿಕೆಯಷ್ಟು: ಸಾಗುವ ಟ್ಯಾಂಕು, ಜೀಪು, ಸೆಲ್ಯೂಟ್ ಹೊಡೆಯುವ ಅಧಿಕಾರಿಗಳು, ನಗರದ ಜನಸಂದಣಿ. ಹಳ್ಳಿಗಳಲ್ಲಿ ಏನಾಯಿತು ಎಂಬುದು ಅದರಲ್ಲಿಲ್ಲ. ಸೇನೆ ಬರುವ ಮೊದಲು, 1948ರ ಮೇ ತಿಂಗಳಲ್ಲಿ, ಬೀದರ್ ಜಿಲ್ಲೆಯ ಗೋರ್ಟಾದಲ್ಲಿ ರಜಾಕಾರರು ನಡೆಸಿದ ಹತ್ಯಾಕಾಂಡದ ಒಂದು ಅಡಿ ಫಿಲ್ಮೂ ಟಿವಿಯಲ್ಲಿ ಬಂದದ್ದಿಲ್ಲ. ಸೇನೆ ಬಂದ ನಂತರ ಮುಸ್ಲಿಮರ ಮೇಲೆ ನಡೆದ ಹಿಂಸೆಯದ್ದೂ ಬಂದದ್ದಿಲ್ಲ. ಆ ಹಿಂಸೆಯ ಬಗ್ಗೆ ತಿಳಿಯಲು ಕೇಂದ್ರ ಸರ್ಕಾರವೇ 1948ರ ಕೊನೆಯಲ್ಲಿ ಪಂಡಿತ್ ಸುಂದರ್‌ಲಾಲ್ ನೇತೃತ್ವದ ತಂಡವನ್ನು ಕಳಿಸಿತ್ತು. ಸತ್ತವರ ಸಂಖ್ಯೆ 27,000ದಿಂದ 40,000 ಇರಬಹುದು ಅಂತ ತಂಡ ಅಂದಾಜಿಸಿತು. ಅತಿ ಹೆಚ್ಚು ನಲುಗಿದ ನಾಲ್ಕು ಜಿಲ್ಲೆಗಳೆಂದು ಅದು ಹೆಸರಿಸಿದ್ದು ಉಸ್ಮಾನಾಬಾದ್, ಗುಲಬರ್ಗಾ, ಬೀದರ್, ನಾಂದೇಡ. ಆ ವರದಿ ಜನರಿಗೆ ನೋಡಲು ಸಿಕ್ಕಿದ್ದು 2013ರಲ್ಲಿ, 65 ವರ್ಷಗಳ ಮೇಲೆ.

ಈಗ ನೀವು ಆಳಂದದ ಒಂದು ಹಳ್ಳಿಯ 1948ರ ಕತೆಯನ್ನು ಸಾಕ್ಷ್ಯಚಿತ್ರ ಮಾಡಲು ಹೊರಟಿದ್ದೀರಿ ಅಂದುಕೊಳ್ಳಿ. ಅಜ್ಜ ಅಜ್ಜಿಯರ ನೆನಪಿದೆ, ಪಾಳುಬಿದ್ದ ಮನೆಗಳಿವೆ, ವರದಿಯಿದೆ. ದೃಶ್ಯ ಮಾತ್ರ ಇಲ್ಲ. ಎಡಿಟಿಂಗ್ ಟೇಬಲ್ ಮೇಲೆ ಆಸೆ ಹುಟ್ಟುವುದು ಆಗಲೇ: ಆ ಟ್ಯಾಂಕಿನ ದೃಶ್ಯವನ್ನೇ ಹಾಕಿಬಿಡೋಣ, ಯಾರಿಗೆ ಗೊತ್ತಾಗುತ್ತದೆ? ಹಾಕಿದ ಮರುಕ್ಷಣ ನಿಮ್ಮ ಹಳ್ಳಿಯ ಕತೆ ಹೆದ್ದಾರಿಯ ಕತೆಯಾಗುತ್ತದೆ. ಖಾಲಿ ಜಾಗ ಹಾಗೇ ಬಿಟ್ಟರೆ ಯಾರಾದರೂ ತುಂಬುತ್ತಾರೆ ಎಂಬುದೂ ನಿಜ. 2024ರ ಮಾರ್ಚ್‌ನಲ್ಲಿ ತೆರೆಕಂಡ ‘ರಜಾಕಾರ್’ ಎಂಬ ತೆಲುಗು ಸಿನಿಮಾ ನಟರಿಂದ ಅಭಿನಯಿಸಿದ ಹಿಂಸೆಯಿಂದ ಆ ಜಾಗ ತುಂಬಿತು. ಅಂಥ ದೃಶ್ಯಗಳು ನಾಳೆ ತುಣುಕುಗಳಾಗಿ, ಕಪ್ಪುಬಿಳುಪಿಗೆ ತಿರುಗಿ, ‘ಅಪರೂಪದ ದೃಶ್ಯ’ ಅಂತ ಫೋನಿಗೆ ಬಂದರೆ ಗುರುತಿಸುವುದು ಹೇಗೆ?

ಇಲ್ಲಿಂದಲೇ ಮೊದಲ ಪಾಠ: ಆರ್ಕೈವ್‌ನಲ್ಲಿ ಏನಿದೆ ಎಂಬುದರಷ್ಟೇ ಮುಖ್ಯ, ಅಲ್ಲಿ ಏನಿಲ್ಲ ಎಂಬುದು. ಒಳ್ಳೆಯ ನಿರ್ದೇಶಕರು ‘ಇದರ ದೃಶ್ಯವಿಲ್ಲ’ ಎಂಬುದನ್ನೇ ಪರದೆಯ ಮೇಲೆ ಹೇಳುತ್ತಾರೆ.

ಬೆಂಗಳೂರಿಗಿಂತ ಮೊದಲು ಟಿವಿ ನೋಡಿದ ಜಿಲ್ಲೆ

ಹಾಗಾದರೆ ನಮ್ಮ ಕಡೆ ಕ್ಯಾಮೆರಾ ಬರಲೇ ಇಲ್ಲವಾ? ಬಂತು, ಅದೂ ಬೆಂಗಳೂರಿಗಿಂತ ಮೊದಲು. 1975ರ ಆಗಸ್ಟ್ 1ರಿಂದ 1976ರ ಜುಲೈ 31ರವರೆಗೆ ಇಸ್ರೋ ಮತ್ತು ನಾಸಾ ಸೇರಿ ‘ಸೈಟ್’ ಎಂಬ ಪ್ರಯೋಗ ನಡೆಸಿದವು. ಅಮೆರಿಕದ ಎಟಿಎಸ್-6 ಉಪಗ್ರಹದಿಂದ ಆರು ರಾಜ್ಯಗಳ ಸುಮಾರು 2,400 ಹಳ್ಳಿಗಳಿಗೆ ನೇರವಾಗಿ ಟಿವಿ ಕಾರ್ಯಕ್ರಮ ಇಳಿಯಿತು. ಕರ್ನಾಟಕದಲ್ಲಿ ಅದಕ್ಕೆ ಆಯ್ಕೆಯಾದ ಜಿಲ್ಲೆಗಳು ಗುಲಬರ್ಗಾ, ರಾಯಚೂರು, ಬಿಜಾಪುರ. ತಂತಿ ಜಾಲರಿಯ ದೊಡ್ಡ ಬುಟ್ಟಿಯಂಥ ಆಂಟೆನಾ, ಊರಿಗೊಂದು ಟಿವಿ, ಬೆಳಿಗ್ಗೆ ಶಾಲಾ ಮಕ್ಕಳಿಗೆ ಪಾಠ, ಸಂಜೆ ಕೃಷಿ, ಆರೋಗ್ಯ, ಸುದ್ದಿ. ಆಗ ತುರ್ತು ಪರಿಸ್ಥಿತಿ ಎಂಬುದನ್ನೂ ಮರೆಯಬಾರದು. ನಮ್ಮ ಹಳ್ಳಿಗಳು ಮೊದಲ ಬಾರಿಗೆ ಟಿವಿಯಲ್ಲಿ ಕಂಡ ದೇಶ, ಸರ್ಕಾರ ಮಾತ್ರ ಮಾತಾಡುತ್ತಿದ್ದ ದೇಶ.

ಪ್ರಯೋಗ ಮುಗಿದ ಮೇಲೆ 1977ರ ಸೆಪ್ಟೆಂಬರ್‌ನಲ್ಲಿ ಗುಲಬರ್ಗಾದಲ್ಲಿ ದೂರದರ್ಶನದ ಟ್ರಾನ್ಸ್‌ಮಿಟರ್ ಶುರುವಾಯಿತು, ರಾಜ್ಯದಲ್ಲೇ ಮೊದಲನೆಯದು. ಬೆಂಗಳೂರಿಗೆ ದೂರದರ್ಶನ ಬಂದದ್ದು 1981ರ ನವೆಂಬರ್ 1ಕ್ಕೆ. ಆದರೆ ಒಂದು ವಿಷಯ ಗಮನಿಸಿ. ಸೈಟ್‌ನ ಕನ್ನಡ ಕಾರ್ಯಕ್ರಮಗಳು ತಯಾರಾಗುತ್ತಿದ್ದದ್ದು ಹೈದರಾಬಾದ್‌ನಲ್ಲಿ. ಉಪಗ್ರಹದಲ್ಲಿ ಒಂದು ಚಿತ್ರಕ್ಕೆ ಎರಡು ಧ್ವನಿ ಕಳಿಸುವ ಸೌಲಭ್ಯವಿತ್ತು. ಒಂದೇ ದೃಶ್ಯವನ್ನು ಒಂದು ಕಡೆ ತೆಲುಗಿನಲ್ಲಿ, ಇನ್ನೊಂದು ಕಡೆ ಕನ್ನಡದಲ್ಲಿ ಕೇಳಿಸಬಹುದಿತ್ತು. ಹಳೆಯ ಫುಟೇಜ್ ಜೊತೆ ಕೆಲಸ ಮಾಡುವವರು ಗೋಡೆಗೆ ಬರೆದು ಅಂಟಿಸಿಕೊಳ್ಳಬೇಕಾದ ಮಾತು ಇದು: ದೃಶ್ಯ ಬೇರೆ, ಧ್ವನಿ ಬೇರೆ. ಯಾರ ಚಿತ್ರದ ಮೇಲೆ ಯಾರ ದನಿಯನ್ನಾದರೂ ಕೂರಿಸಬಹುದು.

ಟೇಪು ಅಳಿಸಿತು, ಮಾಲೀಕ ಬದಲಾದ

ಆ ಕಾಲದ ವಿಡಿಯೋ ಟೇಪು ದುಬಾರಿ. ಪ್ರಸಾರವಾದ ಮೇಲೆ ಅದರ ಮೇಲೇ ಇನ್ನೊಂದು ಕಾರ್ಯಕ್ರಮ ರೆಕಾರ್ಡ್ ಮಾಡುವುದು ಜಗತ್ತಿನಾದ್ಯಂತ ರೂಢಿಯಾಗಿತ್ತು. ಬಿಬಿಸಿ ತನ್ನ ಜನಪ್ರಿಯ ‘ಡಾಕ್ಟರ್ ಹೂ’ ಧಾರಾವಾಹಿಯ 1960ರ ದಶಕದ ಹತ್ತಿರಹತ್ತಿರ ನೂರು ಕಂತುಗಳನ್ನು ಹೀಗೆ ಕಳೆದುಕೊಂಡಿದೆ. ಮನುಷ್ಯ ಚಂದ್ರನ ಮೇಲೆ ಕಾಲಿಟ್ಟ ದೃಶ್ಯದ ಮೂಲ ಟೇಪುಗಳನ್ನು ಅಳಿಸಿ ಮರುಬಳಕೆ ಮಾಡಿರುವ ಸಾಧ್ಯತೆಯೇ ಹೆಚ್ಚು ಎಂದು ನಾಸಾವೇ 2009ರಲ್ಲಿ ಒಪ್ಪಿಕೊಂಡಿತು. ದೂರದರ್ಶನದ ಆರಂಭದ ವರ್ಷಗಳ ಬಹಳಷ್ಟು ದೃಶ್ಯಗಳದ್ದೂ ಇದೇ ಹಣೆಬರಹ.

ಖಾಸಗಿ ಟಿವಿ ಬಂದ ಮೇಲೆ ಕತೆ ಬದಲಾಯಿತಾ? 2000ದ ಡಿಸೆಂಬರ್‌ನಲ್ಲಿ ಈಟಿವಿ ಕನ್ನಡ ಶುರುವಾದ ಮೇಲೆ ಜಿಲ್ಲೆ, ತಾಲ್ಲೂಕಿನ ಸುದ್ದಿಗೂ ಕ್ಯಾಮೆರಾ ಬಂತು. ಆದರೆ ಆ ಚಾನೆಲ್‌ನ ನೆಲೆ ಮತ್ತೆ ಹೈದರಾಬಾದೇ, ರಾಮೋಜಿ ಫಿಲ್ಮ್ ಸಿಟಿ. 2014ರಲ್ಲಿ ಅದು ಟಿವಿ18 ಗುಂಪಿನ ಪಾಲಾಯಿತು, ಮರುವರ್ಷ ಕಲರ್ಸ್ ಕನ್ನಡ ಆಯಿತು. 2012ರ ಡಿಸೆಂಬರ್‌ನಲ್ಲಿ ಸಂಸತ್ತು 371(ಜೆ) ತಿದ್ದುಪಡಿ ಒಪ್ಪುವವರೆಗೆ ಕಲಬುರಗಿಯ ಬೀದಿಗಳಲ್ಲಿ ನಡೆದ ಹೋರಾಟಗಳ ದೃಶ್ಯ ಹುಡುಕಲು ಹೊರಟವರಿಗೆ ಎದುರಾಗುವುದು ಇಂಥ ಕಂಪನಿಗಳ ಬಾಗಿಲು. ಹೋರಾಟ ನಮ್ಮದು, ಮುಖ ನಮ್ಮದು, ಫುಟೇಜ್ ಮಾತ್ರ ನಮ್ಮದಲ್ಲ.

ಸರ್ಕಾರಿ ಟ್ರಾನ್ಸ್‌ಮಿಟರ್‌ಗಳೂ ಕಣ್ಣುಮುಚ್ಚಿದವು. 2021ರಲ್ಲಿ ಕಲಬುರಗಿ ದೂರದರ್ಶನ ಮುಚ್ಚುತ್ತದೆ ಎಂಬ ಸುದ್ದಿ ಹಬ್ಬಿದಾಗ ಪ್ರಸಾರ ಭಾರತಿ ಸ್ಪಷ್ಟನೆ ಕೊಟ್ಟಿತು: ನಿಲ್ಲುವುದು ಹಳೆಯ ಅನಲಾಗ್ ಪ್ರಸಾರ ಮಾತ್ರ, ಕೇಂದ್ರವು ಕಾರ್ಯಕ್ರಮ ತಯಾರಿಸುವುದನ್ನು ಮುಂದುವರಿಸುತ್ತದೆ. ನಾವು ಅಂದು ಕೇಳಬೇಕಿದ್ದ, ಇಂದೂ ಕೇಳಬೇಕಾದ ಪ್ರಶ್ನೆ ಬೇರೆ: ಇಷ್ಟು ವರ್ಷ ಇಲ್ಲಿ ಚಿತ್ರೀಕರಿಸಿದ ಟೇಪುಗಳು ಎಲ್ಲಿವೆ, ಯಾವ ಸ್ಥಿತಿಯಲ್ಲಿವೆ?

ಯಾಕೆಂದರೆ ಸಮಯ ಕಡಿಮೆ. ಟೇಪಿಗೆ ಬೂಸಲು ಹಿಡಿಯುವುದು ಒಂದು ಕಷ್ಟವಾದರೆ, ಟೇಪು ಚೆನ್ನಾಗಿದ್ದರೂ ಓಡಿಸುವ ಯಂತ್ರ ಸಿಗದಿರುವುದು ಇನ್ನೊಂದು. ಸೋನಿ 2016ರಲ್ಲಿ ಬೀಟಾಮ್ಯಾಕ್ಸ್ ಕ್ಯಾಸೆಟ್ ನಿಲ್ಲಿಸಿತು. ಅದೇ ವರ್ಷ ವಿಸಿಆರ್ ತಯಾರಿಸುತ್ತಿದ್ದ ಕೊನೆಯ ಕಂಪನಿ ಫುನಾಯ್ ಕೂಡ ಕೈಚೆಲ್ಲಿತು. 2025ರ ಹೊತ್ತಿಗೆ ಜಗತ್ತಿನ ಎಷ್ಟೋ ಟೇಪುಗಳನ್ನು ಓದಲು ಯಂತ್ರವೇ ಇರುವುದಿಲ್ಲ ಎಂದು ಯುನೆಸ್ಕೊ ಮುಂಚೆಯೇ ಎಚ್ಚರಿಸಿತ್ತು. ಆ ವರ್ಷವೂ ಬಂದು ಹೋಯಿತು.

ಹಳೆಯ ದೃಶ್ಯ ಸಿನಿಮಾಕ್ಕೆ ಬರುವುದು ಹೇಗೆ?

ಮೊದಲು ಹುಡುಕಾಟ. ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ 1964ರಲ್ಲಿ ಶುರುವಾದದ್ದು. ಸರ್ಕಾರಿ ಸುದ್ದಿಚಿತ್ರಗಳು 1948ರಲ್ಲಿ ಹುಟ್ಟಿದ ಫಿಲ್ಮ್ಸ್ ಡಿವಿಷನ್‌ನವು. ಈ ಎರಡೂ ಸಂಸ್ಥೆಗಳು 2022ರಲ್ಲಿ ಎನ್‌ಎಫ್‌ಡಿಸಿಯೊಳಗೆ ವಿಲೀನವಾದವು. ಹೊರದೇಶದ ಸುದ್ದಿಚಿತ್ರಗಳಿಗೆ ಬ್ರಿಟಿಷ್ ಪಾಥೆ ಇದೆ. 2014ರಲ್ಲಿ ಅದು ಸುಮಾರು 85,000 ಚಿತ್ರಗಳನ್ನು ಯೂಟ್ಯೂಬ್‌ಗೆ ಹಾಕಿತು. ಹುಡುಕುವಾಗ ಒಂದು ಕಿವಿಮಾತು: ಹಳೆಯ ಪಟ್ಟಿಗಳಲ್ಲಿ ಊರಿನ ಹೆಸರನ್ನು ಬಾಯಿಗೆ ಬಂದಂತೆ ಬರೆದಿರುತ್ತಾರೆ. ಆಳಂದ ಎಂದು ಹುಡುಕಿದರೆ ಏನೂ ಸಿಗದಿರಬಹುದು. ಹೈದರಾಬಾದ್, ಗುಲಬರ್ಗಾ, ಸೊಲ್ಲಾಪುರ ಎಂದು ಹುಡುಕಿ, ಒಂದೊಂದನ್ನೂ ಪೂರ್ತಿ ನೋಡಬೇಕು.

ದೃಶ್ಯ ಸಿಕ್ಕ ಮೇಲೆ ಸಂಗ್ರಹದವರು ವಾಟರ್‌ಮಾರ್ಕ್ ಮತ್ತು ಟೈಮ್‌ಕೋಡ್ ಇರುವ ಕಡಿಮೆ ಗುಣಮಟ್ಟದ ಪ್ರತಿ ಕೊಡುತ್ತಾರೆ. ಅದನ್ನಿಟ್ಟುಕೊಂಡೇ ಎಡಿಟಿಂಗ್ ಮಾಡಬೇಕು. ಎಷ್ಟು ಸೆಕೆಂಡ್ ಬಳಸಿದಿರಿ ಅಂತ ಖಚಿತವಾದ ಮೇಲೆ ಲೈಸೆನ್ಸ್. ಬೆಲೆ ಸಾಮಾನ್ಯವಾಗಿ ಸೆಕೆಂಡ್ ಅಥವಾ ನಿಮಿಷದ ಲೆಕ್ಕ. ಚಿತ್ರೋತ್ಸವಕ್ಕೆ ಒಂದು ದರ, ಟಿವಿಗೆ ಒಂದು, ಒಟಿಟಿಗೆ ಇನ್ನೊಂದು. ಭಾರತಕ್ಕೆ ಮಾತ್ರವೋ ಜಗತ್ತಿಗೋ, ಐದು ವರ್ಷಕ್ಕೋ ಶಾಶ್ವತವೋ ಎಂಬುದರ ಮೇಲೆ ಅದು ಏರುತ್ತದೆ. ಹಣ ಕೊಟ್ಟ ಮೇಲೆ ಮೂಲ ಗುಣಮಟ್ಟದ ಪ್ರತಿ.

ಆಮೇಲೆ ಎಡಿಟರ್‌ನ ಕೈಯಲ್ಲಿ ಸಣ್ಣ ಸಣ್ಣ ನಿರ್ಧಾರಗಳು. ಹಳೆಯ ಟಿವಿಯ ಚೌಕಟ್ಟು 4:3, ಈಗಿನದ್ದು 16:9. ಪರದೆ ತುಂಬಿಸಲು ಮೇಲೆ ಕೆಳಗೆ ಕತ್ತರಿಸಿದರೆ ಕಾಲು ಭಾಗ ಚಿತ್ರವೇ ಹೋಗುತ್ತದೆ. ಆ ಕಾಲು ಭಾಗದಲ್ಲೇ ಒಬ್ಬ ಮನುಷ್ಯ ನಿಂತಿರಬಹುದು. ಹಳೆಯ ಮೂಕ ದೃಶ್ಯಕ್ಕೆ ಗುಂಡಿನ ಸದ್ದು, ಅಳುವಿನ ಸದ್ದು ಸೇರಿಸಿದರೆ ಅದು ಅಲಂಕಾರ ಅನ್ನಿಸಬಹುದು. ನಿಜಕ್ಕೆ ಅದು ‘ಇಲ್ಲಿ ಗುಂಡು ಹಾರಿತು’ ಎಂಬ ಹೇಳಿಕೆ. ಹೇಳಿಕೆ ಎಂದ ಮೇಲೆ ಆಧಾರ ಬೇಕು.

ಹಾಗಂತ ಆರ್ಕೈವ್ ಎಂದರೆ ಕೈಕಟ್ಟಿ ಕೂರುವ ಕೆಲಸವಲ್ಲ. ಸೋವಿಯತ್ ನಿರ್ದೇಶಕಿ ಎಸ್ಫಿರ್ ಶುಬ್ 1927ರಲ್ಲಿ ರಷ್ಯಾದ ರಾಜಮನೆತನದ ಖಾಸಗಿ ಫಿಲ್ಮುಗಳನ್ನೂ ಸುದ್ದಿಚಿತ್ರಗಳನ್ನೂ ಜೋಡಿಸಿ, ರೊಮಾನೊವ್ ವಂಶದ ಪತನದ ಸಿನಿಮಾ ಕಟ್ಟಿದರು. ದೊರೆಯ ವೈಭವಕ್ಕೆಂದು ತೆಗೆದ ದೃಶ್ಯವನ್ನು ದುಡಿಯುವ ಜನರ ದೃಶ್ಯದ ಪಕ್ಕದಲ್ಲಿಟ್ಟಾಗ ಅದರ ಅರ್ಥವೇ ತಿರುಗಿತು. ಅಧಿಕಾರಸ್ಥರು ತೆಗೆಸಿದ ಚಿತ್ರವನ್ನು ಅವರದ್ದೇ ವಿರುದ್ಧ ಓದಲು ಸಾಧ್ಯ. ಅದಕ್ಕೆ ಯಾವುದು ಯಾರದ್ದು ಎಂದು ಪ್ರಾಮಾಣಿಕವಾಗಿ ಗೊತ್ತಿರಬೇಕು, ಅಷ್ಟೇ.

ಮೂರು ಸೆಕೆಂಡಿಗೆ ಹತ್ತು ಕೋಟಿ

ಕಾನೂನಿನ ಲೆಕ್ಕ ಹೀಗಿದೆ. 1957ರ ಹಕ್ಕುಸ್ವಾಮ್ಯ ಕಾಯ್ದೆಯ ಪ್ರಕಾರ ಸಿನಿಮಾ ಮತ್ತು ಸರ್ಕಾರಿ ಕೃತಿಗಳ ಮೇಲಿನ ಹಕ್ಕು ಪ್ರಕಟವಾದ ಮುಂದಿನ ವರ್ಷದಿಂದ 60 ವರ್ಷ. ಭಾರತ ಸರ್ಕಾರ 1948ರಲ್ಲಿ ಪ್ರಕಟಿಸಿದ ಸುದ್ದಿಚಿತ್ರವಾದರೆ ಅದರ ಹಕ್ಕು 2008ರ ಕೊನೆಗೇ ಮುಗಿಯಿತು, ಅದು ಎಲ್ಲರದ್ದು. ಆದರೆ ಹಕ್ಕು ಮುಗಿದರೂ ಡಬ್ಬಿ ಇರುವುದು ಸಂಗ್ರಹದವರ ಕಪಾಟಿನಲ್ಲಿ. ಪ್ರತಿ ಬೇಕೆಂದರೆ ಅವರು ಹೇಳಿದ ಶುಲ್ಕ ಕೊಡಬೇಕು. 1975ರ ಸೈಟ್ ಕಾರ್ಯಕ್ರಮ ಸಿಕ್ಕರೂ 2035ರ ಕೊನೆಯವರೆಗೆ ಅನುಮತಿ ಬೇಕು.

ವಿಮರ್ಶೆಗೆ, ಪ್ರಚಲಿತ ಸುದ್ದಿಗೆ ಸ್ವಲ್ಪ ಭಾಗ ಬಳಸಲು ಕಾಯ್ದೆಯ 52ನೇ ಸೆಕ್ಷನ್ ಅವಕಾಶ ಕೊಡುತ್ತದೆ. ‘ಸ್ವಲ್ಪ’ ಎಂದರೆ ಎಷ್ಟು ಸೆಕೆಂಡ್ ಎಂದು ಅದರಲ್ಲಿ ಬರೆದಿಲ್ಲ. 2024ರ ನವೆಂಬರ್‌ನಲ್ಲಿ ನಯನತಾರಾ ಕುರಿತ ನೆಟ್‌ಫ್ಲಿಕ್ಸ್ ಸಾಕ್ಷ್ಯಚಿತ್ರದ ಮೂರು ಸೆಕೆಂಡಿನ ತುಣುಕಿಗೆ ನಟ, ನಿರ್ಮಾಪಕ ಧನುಷ್ ಹತ್ತು ಕೋಟಿ ರೂಪಾಯಿಯ ನೋಟಿಸ್ ಕಳಿಸಿದ್ದು ನೆನಪಿರಬಹುದು. 2025ರ ಮೇ ತಿಂಗಳಲ್ಲಿ ಯೂಟ್ಯೂಬರ್ ಮೋಹಕ್ ಮಂಗಲ್, ಕೆಲವೇ ಸೆಕೆಂಡಿನ ದೃಶ್ಯಕ್ಕೆ ಎಎನ್‌ಐ ಸುದ್ದಿಸಂಸ್ಥೆ ತನ್ನ ಚಾನೆಲ್‌ಗೆ ಕಾಪಿರೈಟ್ ಸ್ಟ್ರೈಕ್ ಹಾಕಿ ಲಕ್ಷಾಂತರ ರೂಪಾಯಿ ಕೇಳುತ್ತಿದೆ ಎಂದು ಆರೋಪಿಸಿದರು. ಪ್ರಕರಣ ದೆಹಲಿ ಹೈಕೋರ್ಟ್ ಮೆಟ್ಟಿಲೇರಿತು. ಯೂಟ್ಯೂಬ್‌ನಲ್ಲಿ 90 ದಿನದೊಳಗೆ ಮೂರು ಸ್ಟ್ರೈಕ್ ಬಿದ್ದರೆ ಚಾನೆಲ್ಲೇ ಹೋಗುತ್ತದೆ. ಸಂಸತ್ತಿನ, ಪ್ರತಿಭಟನೆಯ, ಪ್ರವಾಹದ ದೃಶ್ಯ ಇಷ್ಟು ದುಬಾರಿಯಾದರೆ, ಅಧಿಕಾರವನ್ನು ಪ್ರಶ್ನಿಸುವ ಸಣ್ಣ ಚಾನೆಲ್ ಮಾಡುವುದಾದರೂ ಏನು?

ಭೀಮೆಯ ಮೂರು ಪ್ರವಾಹ

ಇನ್ನು ಸುದ್ದಿವಾಹಿನಿಗಳ ‘ಫೈಲ್ ಫುಟೇಜ್’. 2009, 2020, 2025: ಭೀಮಾ ತೀರದ ಅಫಜಲಪುರ, ಜೇವರ್ಗಿ ತಾಲ್ಲೂಕುಗಳು ಮೂರು ದೊಡ್ಡ ಪ್ರವಾಹ ಕಂಡಿವೆ. ಮುಳುಗಿದ ಸೇತುವೆ, ಕಂದು ನೀರು, ಮನೆ ಮೇಲೆ ನಿಂತ ಜನ. ಮೂರೂ ವರ್ಷದ ದೃಶ್ಯಗಳನ್ನು ಪಕ್ಕಪಕ್ಕ ಇಟ್ಟರೆ ಹೊರಗಿನವರಿಗೆ ಒಂದೇ ಥರ ಕಾಣುತ್ತವೆ. ಊರಿನವರಿಗೆ ಹಾಗಲ್ಲ. ಇದು ಸೊನ್ನ ಬ್ಯಾರೇಜು, ಇದು ಘತ್ತರಗಿ ಸೇತುವೆ, ಇದು ಕಟ್ಟಿಸಂಗಾವಿ ಎಂದು ಅವರು ಬೆರಳಿಟ್ಟು ಹೇಳಬಲ್ಲರು.

2020ರ ದೃಶ್ಯವನ್ನು 2025ರದ್ದೆಂದು ತೋರಿಸಿದರೆ ನಷ್ಟ ಏನು? ಪರಿಹಾರದ ಪ್ರಶ್ನೆ ಇದೆ. ಉಜನಿ ಜಲಾಶಯದಿಂದ ಎಷ್ಟು ನೀರು ಯಾವಾಗ ಬಿಟ್ಟರು, ಎಚ್ಚರಿಕೆ ಯಾವಾಗ ಬಂತು, ಯಾವ ಊರು ಎಷ್ಟು ಹೊತ್ತಿಗೆ ಮುಳುಗಿತು ಎಂಬುದಕ್ಕೆ ದಿನಾಂಕ, ಸಮಯ ಇರುವ ದೃಶ್ಯವೇ ಆಧಾರ. ದಿನಾಂಕ ಕಳೆದುಕೊಂಡ ದೃಶ್ಯ ಬರೀ ಮರುಕ ಹುಟ್ಟಿಸುತ್ತದೆ, ಯಾರನ್ನೂ ಹೊಣೆ ಮಾಡುವುದಿಲ್ಲ.

ಇನ್ನೂ ಅಪಾಯದ ಉದಾಹರಣೆ ಆಳಂದದ್ದೇ. 2022ರ ಮಾರ್ಚ್ 1ರ ಶಿವರಾತ್ರಿಯಂದು ಲಾಡ್ಲೆ ಮಶಾಕ್ ದರ್ಗಾದ ಆವರಣದಲ್ಲಿ ಪೂಜೆ ವಿಚಾರವಾಗಿ ಊರಿನಲ್ಲಿ ಗಲಾಟೆ, ಕಲ್ಲುತೂರಾಟ ನಡೆಯಿತು. ಅಂದಿನ ಒಂದು ತುಣುಕು ದಿನಾಂಕವಿಲ್ಲದೆ ಮುಂದಿನ ಯಾವುದೋ ಶಿವರಾತ್ರಿಗೆ ‘ಈಗ ತಾನೇ ಆಳಂದದಲ್ಲಿ’ ಎಂದು ಹರಿದರೆ? ಹಳೆಯ ದೃಶ್ಯಕ್ಕೆ ಹೊಸ ಬೆಂಕಿ ಹಚ್ಚುವ ಶಕ್ತಿ ಇದೆ.

ಇದರ ಮೇಲೆ ಈಗ ಎಐ. ಇಲ್ಲದ 1948ರ ದೃಶ್ಯವನ್ನು ಗೀರು, ಧೂಳಿನ ಸಮೇತ ನಿಮಿಷದಲ್ಲಿ ತಯಾರಿಸಬಹುದು. ಅಮೆರಿಕದ ಆರ್ಕೈವಲ್ ಪ್ರೊಡ್ಯೂಸರ್ಸ್ ಅಲಯನ್ಸ್ 2024ರ ಸೆಪ್ಟೆಂಬರ್‌ನಲ್ಲಿ ಸಾಕ್ಷ್ಯಚಿತ್ರಗಳಿಗೆಂದು ಮಾರ್ಗಸೂಚಿ ತಂದಿತು. ಅದರ ಸಾರ ಸರಳ: ಮೂಲ ದೃಶ್ಯಕ್ಕೇ ಮೊದಲ ಆದ್ಯತೆ, ಎಐ ಬಳಸಿದ್ದರೆ ನೋಡುಗರಿಗೆ ಹೇಳಬೇಕು. ಕನ್ನಡದ ಚಾನೆಲ್‌ಗಳಿಗೂ ಇಷ್ಟು ಕಡ್ಡಾಯ ಎಂದು ನೋಡುಗರಾದ ನಾವೇ ಹಟ ಹಿಡಿಯಬೇಕು.

45 ದಿನ ಮತ್ತು ನಾವು

ಆಳಂದ ದೇಶದ ಸುದ್ದಿಯಾದದ್ದು 2025ರ ಸೆಪ್ಟೆಂಬರ್ 18ರಂದು, ರಾಹುಲ್ ಗಾಂಧಿ ಪತ್ರಿಕಾಗೋಷ್ಠಿಯಲ್ಲಿ. 2023ರ ವಿಧಾನಸಭಾ ಚುನಾವಣೆಗೆ ಮುಂಚೆ ಮತದಾರರ ಹೆಸರು ತೆಗೆಯಲು ಆನ್‌ಲೈನ್‌ನಲ್ಲಿ ಬಂದಿದ್ದ 6,018 ಅರ್ಜಿಗಳ ಪೈಕಿ ಪರಿಶೀಲನೆಯಲ್ಲಿ ಸರಿಯಾಗಿದ್ದದ್ದು 24 ಮಾತ್ರ. ಈ ಕತೆಯ ಸಿನಿಮಾವನ್ನು ಮುಂದೆ ಯಾರಾದರೂ ಮಾಡಿಯೇ ಮಾಡುತ್ತಾರೆ. ಅವರಿಗೆ ದೆಹಲಿಯ ವೇದಿಕೆಯ ದೃಶ್ಯ ಧಾರಾಳ ಸಿಗುತ್ತದೆ. ಗೊತ್ತಿಲ್ಲದೇ ತಮ್ಮ ಹೆಸರಲ್ಲಿ ಅರ್ಜಿ ಹೋಗಿದ್ದ ಹಳ್ಳಿಯವರ ಮಾತು ಸಿಗುತ್ತದಾ?

ಸರ್ಕಾರಿ ದೃಶ್ಯಗಳು ತಾವಾಗಿ ಉಳಿಯುತ್ತವೆ ಎಂದು ನಂಬಿ ಕೂರುವಂತಿಲ್ಲ. ಫಲಿತಾಂಶದ 45 ದಿನದೊಳಗೆ ಚುನಾವಣಾ ತಕರಾರು ಅರ್ಜಿ ಬರದಿದ್ದರೆ ಮತಗಟ್ಟೆಯ ವಿಡಿಯೋ ನಾಶ ಮಾಡಬಹುದು ಎಂದು ಚುನಾವಣಾ ಆಯೋಗ 2025ರ ಮೇ ತಿಂಗಳಲ್ಲಿ ಸೂಚಿಸಿತು. ಅದಕ್ಕೂ ಮೊದಲು, 2024ರ ಡಿಸೆಂಬರ್‌ನಲ್ಲಿ, ಅಂಥ ವಿಡಿಯೋ ಸಾರ್ವಜನಿಕರಿಗೆ ಸಿಗದಂತೆ ನಿಯಮವನ್ನೇ ತಿದ್ದಲಾಗಿತ್ತು. 1970ರ ದಶಕದಲ್ಲಿ ಟೇಪು ಅಳಿಸಿದ್ದು ದುಡ್ಡು ಉಳಿಸಲು. ಈಗ ಅಳಿಸುವುದಕ್ಕೆ ನಿಯಮವೇ ಇದೆ.

ನಮ್ಮ ಕೈಯಲ್ಲಿ ಏನಿದೆ? ಮೊದಲನೆಯದು ಮಾಹಿತಿ ಹಕ್ಕು. ಎಲ್ಲ ದಾಖಲೆಗಳನ್ನು ಪಟ್ಟಿ ಮಾಡಿ ಸೂಚಿ ಸಮೇತ ಇಡಬೇಕು ಎಂದು ಕಾಯ್ದೆಯ 4ನೇ ಸೆಕ್ಷನ್ ಹೇಳುತ್ತದೆ. ಪ್ರಸಾರ ಭಾರತಿಗೂ ಅದು ಅನ್ವಯ. ಹತ್ತು ರೂಪಾಯಿಯ ಅರ್ಜಿ ಹಾಕಿ: ಕಲಬುರಗಿ ಕೇಂದ್ರದ ಟೇಪುಗಳು ಎಷ್ಟಿವೆ, ಎಲ್ಲಿವೆ, ಎಷ್ಟು ಡಿಜಿಟಲ್ ಆಗಿವೆ, ಎಷ್ಟನ್ನು ಅಳಿಸಲಾಯಿತು, ಯಾರ ಆದೇಶದ ಮೇಲೆ?

ಎರಡನೆಯದು ಊರಿನ ಕಪಾಟು. ತಾಲ್ಲೂಕು ಪಟ್ಟಣದ ಕೇಬಲ್ ಆಪರೇಟರ್, ಮದುವೆ ವಿಡಿಯೋ ತೆಗೆಯುವವರು, ಜಾತ್ರೆ, ಉರುಸು, ರೈತರ ಧರಣಿ ಚಿತ್ರೀಕರಿಸಿದ ಸ್ಟುಡಿಯೋದವರು ಇವರ ಹತ್ತಿರ ವಿಎಚ್‌ಎಸ್, ಮಿನಿಡಿವಿ, ಡಿವಿಡಿಗಳು ಕೊಳೆಯುತ್ತಿರಬಹುದು. ಯಂತ್ರ ಓಡುವಷ್ಟರಲ್ಲಿ ಅವನ್ನು ಡಿಜಿಟಲ್ ಮಾಡಿಸಿ. ಡಬ್ಬಿಯ ಮೇಲಿನ ಬರಹದ ಫೋಟೋವನ್ನೂ ತೆಗೆದಿಡಿ. ಎಷ್ಟೋ ಸಲ ದಿನಾಂಕ ಇರುವುದು ಅಲ್ಲಿ ಮಾತ್ರ.

ಮೂರನೆಯದು ನಿಮ್ಮ ಫೋನು. ವಾಟ್ಸಾಪ್‌ನಲ್ಲಿ ಕಳಿಸಿದ ವಿಡಿಯೋ ಕುಗ್ಗುತ್ತದೆ, ತೆಗೆದ ಸಮಯ, ಜಾಗದ ವಿವರ ಕಳೆದುಕೊಳ್ಳುತ್ತದೆ. ಮೂಲ ಫೈಲ್ ಉಳಿಸಿ. ಮೂರು ಪ್ರತಿ, ಎರಡು ಬಗೆಯ ಸಾಧನ, ಒಂದು ಪ್ರತಿ ಬೇರೆ ಜಾಗದಲ್ಲಿ. ಶುರುವಿನಲ್ಲೋ ಕೊನೆಯಲ್ಲೋ ದಿನಾಂಕ, ಊರು, ಓಣಿ ಬಾಯಲ್ಲಿ ಹೇಳಿ. ಮಾತಾಡಿದವರ ಒಪ್ಪಿಗೆ ಕೇಳಿ. ಪ್ರತಿಭಟನೆಯಲ್ಲಿ ತೆಗೆದ ಮುಖ ನಾಳೆ ಪೊಲೀಸ್ ಫೈಲಿಗೂ ಹೋಗಬಹುದು. ಉಳಿಸುವುದೇ ಬೇರೆ, ಹರಡುವುದೇ ಬೇರೆ.

1948ರಲ್ಲಿ ಹಳ್ಳಿಗೆ ಕ್ಯಾಮೆರಾ ಬರಲಿಲ್ಲ, 1975ರಲ್ಲಿ ಬಂದದ್ದು ಸರ್ಕಾರದ್ದು, 2000ದ ನಂತರ ಬಂದದ್ದು ಕಂಪನಿಯದ್ದು. ಇವತ್ತು ಆಳಂದ, ಅಫಜಲಪುರ, ಜೇವರ್ಗಿಯ ಪ್ರತಿ ಓಣಿಯಲ್ಲೂ ಕ್ಯಾಮೆರಾ ಇದೆ. ಅದರಲ್ಲಿ ತೆಗೆದದ್ದು 2050ರಲ್ಲಿ ಸಾಕ್ಷಿಯಾಗಿ ನಿಲ್ಲಬೇಕೆಂದರೆ, ಈ ವಾರವೇ ಒಂದು ಹಾರ್ಡ್‌ಡಿಸ್ಕ್ ಕೊಂಡು, ಫೋನಿನಲ್ಲಿರುವ ವಿಡಿಯೋಗಳಿಗೆ ಊರು, ದಿನಾಂಕ ಬರೆದು ಇಡುವುದರಿಂದ ಶುರು ಮಾಡಿ.